ಆಟ ಓಡತೈತಿ, ಪ್ರತಿ ಸರಿ ಐತೇನು?

ಹಳೆಯ ವಿಡಿಯೊ ಗೇಮ್ ಡಿಸ್ಕು, ಕ್ಯಾಸೆಟ್ಟುಗಳನ್ನು ಕಂಪ್ಯೂಟರಿಗೆ ಇಳಿಸಿಟ್ಟುಕೊಳ್ಳುವ ಬಗ್ಗೆ ಬೆಳಗಾವಿ, ಬಾಗಲಕೋಟೆ, ವಿಜಯಪುರ ಕಡೆಯಿಂದ ಬಂದ ಪತ್ರಗಳಿಗೆ ಈ ಸಲದ ಉತ್ತರ. ಪದೇ ಪದೇ ಬರುವ ಕೆಲವು ಮಾತನ್ನು ಮೊದಲೇ ಹೇಳಿಬಿಡುತ್ತೇವೆ. ‘ಡಂಪ್’ ಎಂದರೆ ಡಿಸ್ಕ್ ಅಥವಾ ಚಿಪ್ಪಿನಲ್ಲಿ ಇರುವುದನ್ನು ಇದ್ದಂತೆಯೇ ಕಡತವಾಗಿ ಇಳಿಸುವುದು. ‘ಹ್ಯಾಶ್’ ಎಂದರೆ ಆ ಕಡತದ ಬೆರಳಚ್ಚು. ಒಂದು ಬಿಟ್ ಬದಲಾದರೂ ಬೆರಳಚ್ಚು ಬೇರೆ ಬರುತ್ತದೆ. ‘ರೀಡಂಪ್’ (ಡಿಸ್ಕುಗಳಿಗೆ), ‘ನೋ-ಇಂಟ್ರೊ’ (ಕ್ಯಾಸೆಟ್ಟುಗಳಿಗೆ) ಎಂದರೆ ಸರಿಯಾದ ಡಂಪುಗಳ ಹ್ಯಾಶ್ ಕೂಡಿಸಿಟ್ಟ ಅಂತರ್ಜಾಲದ ಪಟ್ಟಿಗಳು. ‘ಐಎಸ್‌ಒ’, ‘ಬಿನ್-ಕ್ಯೂ’ ಎಂದರೆ ಡಿಸ್ಕಿನ ಡಂಪ್ ಇಡುವ ಎರಡು ಕಡತ ರೂಪಗಳು; ಬಿನ್‌ನಲ್ಲಿ ಸರಕು, ಕ್ಯೂನಲ್ಲಿ ಟ್ರ್ಯಾಕುಗಳ ಪಟ್ಟಿ.

ಪ್ರಶ್ನೆ: ಕಪ್ಪು ತಳದ ಪ್ಲೇಸ್ಟೇಷನ್-1 ಡಿಸ್ಕ್ ಐತ್ರಿ. ಮೊದಲ ಐಎಸ್‌ಒ ಮಾಡಿದೆ. ಆಟ ಓಡ್ತು, ಆದ್ರ ಹಾಡು ಬರಲಿಲ್ಲ, ನಡುವ ವಿಡಿಯೊ ಮುಗ್ಗರಸ್ತು. ಆಮ್ಯಾಲ ಬೇರೆ ಪ್ರೋಗ್ರಾಮಿನ್ಯಾಗ ಬಿನ್-ಕ್ಯೂ ಮಾಡಿದೆ. ಈಗ ಎಲ್ಲಾ ಬರತೈತಿ, ಆದ್ರೂ ರೀಡಂಪ್ ಪಟ್ಟಿಗೆ ಹ್ಯಾಶ್ ಹೊಂದವಲ್ದು. ಡಿಸ್ಕ್ ಕೆಟ್ಟೈತೇನ್ರಿ?
ಓದುಗರು, ಶಹಾಪುರ, ಬೆಳಗಾವಿ

ಉತ್ತರ: ಡಿಸ್ಕಿನ ಮೇಲೆ ಅನುಮಾನ ಪಡುವ ಮೊದಲು ಆ ಐಎಸ್‌ಒ ಕಡತವನ್ನು ಅಳಿಸಿಬಿಡಿ. ಪ್ಲೇಸ್ಟೇಷನ್-1ರ ಸಿಡಿಗೆ ಆ ರೂಪ ಸಾಲುವುದೇ ಇಲ್ಲ. ಸಿಡಿಯ ಒಂದು ಸೆಕ್ಟರ್ ಎಂದರೆ 2352 ಬೈಟ್. ಈ ಡಿಸ್ಕಿನ ಸಾಮಾನ್ಯ ಡೇಟಾ ಸೆಕ್ಟರನ್ನು ಬಿಚ್ಚಿ ನೋಡಿದರೆ 12 ಬೈಟ್ ಸಿಂಕ್, 4 ಬೈಟ್ ವಿಳಾಸ, 8 ಬೈಟ್ ಉಪಶೀರ್ಷಿಕೆ, 2048 ಬೈಟ್ ನಿಜವಾದ ಸರಕು, 4 ಬೈಟ್ ದೋಷ ಪತ್ತೆಯ ಸಂಕೇತ, 276 ಬೈಟ್ ದೋಷ ತಿದ್ದುವ ಸಂಕೇತ. ಐಎಸ್‌ಒ ಎತ್ತಿಕೊಳ್ಳುವುದು ನಡುವಿನ 2048 ಮಾತ್ರ. ವಿಡಿಯೊದ ನಡುನಡುವೆ ಹೆಣೆದಿರುವ ಎಕ್ಸ್‌ಎ ಧ್ವನಿಯ ಸೆಕ್ಟರುಗಳಲ್ಲಿ ಸರಕೇ 2324 ಬೈಟ್ ಇರುತ್ತದೆ. ಅಲ್ಲಿ 276 ಬೈಟ್ ಕತ್ತರಿಸಿ ಹೋಯಿತು; ಇದು ಧ್ವನಿ, ಇದು ಚಿತ್ರ ಎಂದು ಹೇಳುವ ಉಪಶೀರ್ಷಿಕೆಯೂ ಹೋಯಿತು. ವಿಡಿಯೊ ಮುಗ್ಗರಿಸಿದ್ದು ಅದಕ್ಕೆ. ಹಾಡುಗಳು ಸಾದಾ ಆಡಿಯೊ ಸಿಡಿಯಂತೆ ಬೇರೆ ಟ್ರ್ಯಾಕುಗಳಲ್ಲಿರುತ್ತವೆ, ಐಎಸ್‌ಒದಲ್ಲಿ ಅವಕ್ಕೆ ಜಾಗವೇ ಇಲ್ಲ. ಗಾತ್ರದ ಲೆಕ್ಕದಲ್ಲೇ ಇದು ಕಾಣುತ್ತದೆ: ಒಂದು ಟ್ರ್ಯಾಕ್ 3,00,000 ಸೆಕ್ಟರ್ ಇದ್ದರೆ ಬಿನ್ 70,56,00,000 ಬೈಟ್ ಆಗಬೇಕು, ಐಎಸ್‌ಒ 61,44,00,000ಕ್ಕೇ ನಿಂತಿರುತ್ತದೆ.

ಇನ್ನು ಬಿನ್-ಕ್ಯೂ ಹೊಂದದಿರುವುದು. ‘ಹೊಂದಲಿಲ್ಲ’ ಎಂದು ಕೈಬಿಡುವ ಮೊದಲು ಯಾವ ಟ್ರ್ಯಾಕ್ ಹೊಂದಲಿಲ್ಲ, ಎಷ್ಟು ಬೈಟ್ ಹೆಚ್ಚುಕಡಿಮೆ ಇದೆ ಎಂದು ನೋಡಿ. ತಪ್ಪು ತನ್ನ ಹೆಸರನ್ನು ಅಲ್ಲೇ ಹೇಳುತ್ತದೆ.

ಮೊದಲ ಟ್ರ್ಯಾಕ್ ನಿಖರವಾಗಿ 3,52,800 ಬೈಟ್ ಹೆಚ್ಚಿದ್ದರೆ ಅದು ಎರಡು ಸೆಕೆಂಡಿನ ಖಾಲಿ ಜಾಗ. ಡೇಟಾ ಟ್ರ್ಯಾಕಿಗೂ ಮೊದಲ ಹಾಡಿಗೂ ನಡುವೆ 150 ಸೆಕ್ಟರ್ ಬಿಡುವು ಇರುತ್ತದೆ, 150ನ್ನು 2352ರಿಂದ ಗುಣಿಸಿದರೆ ಅದೇ ಸಂಖ್ಯೆ. ರೀಡಂಪ್ ಪದ್ಧತಿಯಲ್ಲಿ ಈ ಬಿಡುವು ಮುಂದಿನ ಟ್ರ್ಯಾಕಿನ ತಲೆಗೆ ಸೇರಬೇಕು. ಎಷ್ಟೋ ಪ್ರೋಗ್ರಾಮುಗಳು ಹಿಂದಿನದರ ಬಾಲಕ್ಕೆ ಸೇರಿಸುತ್ತವೆ.

ಡೇಟಾ ಟ್ರ್ಯಾಕ್ ಹೊಂದಿ, ಗಾತ್ರವೂ ಸರಿಯಿದ್ದು, ಹಾಡಿನ ಟ್ರ್ಯಾಕುಗಳೆಲ್ಲ ತಪ್ಪಿದರೆ ಡ್ರೈವಿನ ಆಫ್‌ಸೆಟ್ ಸರಿಪಡಿಸಿಲ್ಲ ಎಂದರ್ಥ. ಆಡಿಯೊ ಸೆಕ್ಟರಿನಲ್ಲಿ ವಿಳಾಸ ಬರೆದಿರುವುದಿಲ್ಲ. ಆದ್ದರಿಂದ ಪ್ರತಿ ಮಾದರಿಯ ಡ್ರೈವೂ ತನ್ನ ರೂಢಿಯಂತೆ ಒಂದಷ್ಟು ಸ್ಯಾಂಪಲ್ (ಧ್ವನಿಯ ಸಣ್ಣ ತುಣುಕು) ಹಿಂದೆ ಮುಂದೆ ಓದುತ್ತದೆ. ಒಂದು ಸ್ಯಾಂಪಲ್ 4 ಬೈಟ್, ಒಂದು ಸೆಕ್ಟರಿನಲ್ಲಿ 588 ಸ್ಯಾಂಪಲ್. ಎಷ್ಟೋ ಪ್ಲೆಕ್ಸ್‌ಟರ್ ಡ್ರೈವುಗಳದ್ದು +30, ಅಂದರೆ 120 ಬೈಟ್. ಆಸುಸ್ ಬಿಡಬ್ಲ್ಯೂ-16ಡಿ1ಎಚ್‌ಟಿ ಬ್ಲೂ-ರೇ ಡ್ರೈವಿನದ್ದು +6, ಅಂದರೆ 24 ಬೈಟ್. ಕಿವಿಗೆ ಗೊತ್ತೇ ಆಗದಷ್ಟು ಸಣ್ಣ ಜಾರು, ಆದರೆ ಬೆರಳಚ್ಚು ಪೂರ್ತಿ ಬೇರೆ. ನಿಮ್ಮ ಪತ್ರದ ವಿವರ ನೋಡಿದರೆ ನಿಮ್ಮದು ಇದೇ ಇರಬೇಕು.

ನಡುವಿನ ಒಂದೇ ಟ್ರ್ಯಾಕ್ ತಪ್ಪಿದ್ದರೆ ಅಲ್ಲಿ ಗೀರು ಇದೆ. ಎಲ್ಲವೂ ತಪ್ಪಿದ್ದು ಗಾತ್ರವೂ ಬೇರೆ ಇದ್ದರೆ ಅದು ಬೇರೆ ಮುದ್ರಣ, ಬೇರೆ ದೇಶದ ಆವೃತ್ತಿ, ಇಲ್ಲವೇ ನಕಲಿ ಡಿಸ್ಕ್.

ಈ ಕೆಲಸಕ್ಕೆ ರೀಡಂಪರ್ ಎಂಬ ಉಚಿತ ಪ್ರೋಗ್ರಾಮ್ ಬಳಸಿ. ಆಫ್‌ಸೆಟ್, ಬಿಡುವು ಎರಡನ್ನೂ ಅದೇ ಲೆಕ್ಕ ಹಾಕಿ ಟ್ರ್ಯಾಕುಗಳನ್ನು ಬೇರ್ಪಡಿಸುತ್ತದೆ. ಆದರೆ ಅದಕ್ಕೆ ಎಲ್ಲ ಡ್ರೈವ್ ಒಗ್ಗುವುದಿಲ್ಲ. ಮೇಲೆ ಹೇಳಿದ ಆಸುಸ್ ಮಾದರಿ, ಅದೇ ಮೀಡಿಯಾಟೆಕ್ ಚಿಪ್ಪಿನ ಕೆಲವು ಎಲ್‌ಜಿ ಡ್ರೈವುಗಳು, ಹಳೆಯ ಪ್ಲೆಕ್ಸ್‌ಟರ್ ಪಿಎಕ್ಸ್-716 ಮತ್ತು 760 ನಂಬಿಕೆಯವು. ರಿಪೇರಿ ಅಂಗಡಿಯಲ್ಲಿ ಹಳೆಯ ಕಂಪ್ಯೂಟರಿನಿಂದ ಬಿಚ್ಚಿಟ್ಟ ಡ್ರೈವುಗಳ ರಾಶಿ ಕಂಡರೆ ಲೇಬಲಿನ ಮೇಲಿನ ಮಾದರಿ ಸಂಖ್ಯೆ ಓದಿಯೇ ಮುಂದೆ ಹೋಗಿ. ವೇಗವನ್ನು 8ಎಕ್ಸ್‌ಗೆ ಇಳಿಸಿ ಓದಿಸಿ. ಮುಗಿದ ಮೇಲೆ ದೋಷಗಳ ಎಣಿಕೆ ಸೊನ್ನೆ ಇದೆಯೇ ನೋಡಿ, ಇಲ್ಲದಿದ್ದರೆ ‘ರಿಫೈನ್’ ಆಜ್ಞೆ ಕೊಟ್ಟು ಕೆಟ್ಟ ಸೆಕ್ಟರುಗಳನ್ನಷ್ಟೇ ಮತ್ತೆ ಓದಿಸಿ. ಡಿಸ್ಕ್ ಹೊರತೆಗೆದು, ಒರೆಸಿ, ಮತ್ತೆ ಹಾಕಿ ಎರಡನೇ ಡಂಪ್ ಮಾಡಿ. ಡೇಟಾ ಸೆಕ್ಟರಿನಲ್ಲಿರುವ ಆ 4 ಬೈಟಿನ ಸಂಕೇತ ತನ್ನ ತಪ್ಪನ್ನು ತಾನೇ ಹಿಡಿಯುತ್ತದೆ. ಹಾಡಿನ ಸೆಕ್ಟರಿನಲ್ಲಿ ಅಂಥ ಕಾವಲುಗಾರ ಇಲ್ಲ, ಎರಡು ಡಂಪ್ ಹೋಲಿಸುವುದೇ ಒಳ್ಳೆಯ ದಾರಿ.

ಇನ್ನೊಂದು ವಿಷಯ ನಮ್ಮವರಿಗೆ ಮುಖ್ಯ. ನಮ್ಮದು ಪಾಲ್ ಎಂಬ ಟಿವಿ ಪದ್ಧತಿಯ ಪ್ರದೇಶ. ಯುರೋಪಿನ ಕೆಲವು ಪಾಲ್ ಆಟಗಳಲ್ಲಿ ಲಿಬ್‌ಕ್ರಿಪ್ಟ್ ಎಂಬ ಬೀಗವಿದೆ. ಆಯ್ದ ಕೆಲವು ಸೆಕ್ಟರುಗಳ ಸಬ್‌ಚಾನೆಲ್ ಮಾಹಿತಿಯನ್ನು (ಸೆಕ್ಟರಿನ ಪಕ್ಕದಲ್ಲಿ ಬರೆದಿರುವ ಹೆಚ್ಚುವರಿ ಗುರುತು) ಬೇಕೆಂದೇ ಕೆಡಿಸಿ ಇಟ್ಟಿರುತ್ತಾರೆ, ಆಟ ಅದನ್ನು ಹುಡುಕಿ ನೋಡುತ್ತದೆ. ಬಿನ್-ಕ್ಯೂದಲ್ಲಿ ಸಬ್‌ಚಾನೆಲ್ ಇರುವುದಿಲ್ಲ. ಹಾಗಾಗಿ ಹ್ಯಾಶ್ ಪೂರ್ತಿ ಹೊಂದಿದರೂ ಆಟ ನಡುವೆ ನಿಂತುಬಿಡಬಹುದು. ಇಂಥ ಡಿಸ್ಕಿಗೆ ಪಕ್ಕದಲ್ಲಿ ಎಸ್‌ಬಿಐ ಎಂಬ ಸಣ್ಣ ಕಡತ ಬೇಕು. ಬಿನ್ ಜೊತೆ ಅದನ್ನೂ ಇಡಿ.

ಪ್ರಶ್ನೆ: ಒಂದ ಗೇಮ್‌ಬಾಯ್ ಕ್ಯಾಸೆಟ್ ಮೂರು ಸಲ ಓದಿಸಿದೆ, ಮೂರು ಸಲಾನೂ ಬ್ಯಾರೆ ಬ್ಯಾರೆ ಹ್ಯಾಶ್. ಇನ್ನೊಂದು ಕ್ಯಾಸೆಟ್ ಯಾವಾಗ ಓದಿಸಿದ್ರೂ ಒಂದ ಹ್ಯಾಶ್, ಆದ್ರ ನೋ-ಇಂಟ್ರೊ ಪಟ್ಟಿಯೊಳಗಿಲ್ಲ. ಯಾವುದು ನಂಬಲಿ?
ಓದುಗರು, ಇಳಕಲ್, ಬಾಗಲಕೋಟೆ ಜಿಲ್ಲೆ

ಉತ್ತರ: ಸದ್ಯಕ್ಕೆ ಎರಡನ್ನೂ ನಂಬಬೇಡಿ. ಆದರೆ ಎರಡರ ರೋಗ ಬೇರೆ.

ಓದಿದಾಗೊಮ್ಮೆ ಬೇರೆ ಬರುವುದು ಕೊಳೆ ಹಿಡಿದ ಕಾಲುಗಳ (ಕ್ಯಾಸೆಟ್ಟಿನ ತುದಿಯ ಲೋಹದ ಪಿನ್ನುಗಳ) ಲಕ್ಷಣ. ಎಲ್ಲೋ ಒಂದು ಕಾಲು ಕೂಡಿಯೂ ಕೂಡದಂತಿದೆ. 99 ಶೇಕಡಾ ಐಸೊಪ್ರೊಪೈಲ್ ಆಲ್ಕೋಹಾಲ್, ಕಿವಿಗೆ ಹಾಕುವ ಹತ್ತಿಕಡ್ಡಿ, ಇಷ್ಟು ಸಾಕು. ಕಡ್ಡಿಯನ್ನು ಕಾಲುಗಳ ಉದ್ದಕ್ಕೆ ಎಳೆಯಿರಿ, ಕಪ್ಪು ಬರುವುದು ನಿಲ್ಲುವವರೆಗೆ ಕಡ್ಡಿ ಬದಲಿಸಿ, ಹತ್ತು ನಿಮಿಷ ಒಣಗಲು ಬಿಡಿ. ಬಿಚ್ಚಲೇಬೇಕಾದರೆ ಹಳೆಯ ಗೇಮ್‌ಬಾಯ್ ಕ್ಯಾಸೆಟ್ಟಿಗೆ 3.8 ಮಿಮೀ ಗೇಮ್‌ಬಿಟ್, ಗೇಮ್‌ಬಾಯ್ ಅಡ್ವಾನ್ಸ್ ಕ್ಯಾಸೆಟ್ಟಿಗೆ ಮೂರು ರೆಕ್ಕೆಯ ಸ್ಕ್ರೂಡ್ರೈವರ್ ಬೇಕು. ಪೆನ್ಸಿಲ್ ರಬ್ಬರ್, ಮರಳು ಕಾಗದ ಬೇಡವೇ ಬೇಡ. ಚಿನ್ನದ ಲೇಪ ಕಿತ್ತುಹೋದರೆ ಮತ್ತೆ ಬರುವುದಿಲ್ಲ. ಬಾಯಿಂದ ಊದುವ ಚಟವನ್ನೂ ಬಿಡಿ, ಎಂಜಲಿನ ತೇವವೇ ಮುಂದಿನ ಕಿಲುಬು.

ಎರಡನೆಯದು ಹೆಚ್ಚು ಕಪಟಿ. ‘ಎರಡು ಸಲ ಒಂದೇ ಬಂತು, ಅಂದರೆ ಸರಿ’ ಎಂದು ನಂಬಿಸಿಬಿಡುತ್ತದೆ. ಒಂದು ವಿಳಾಸದ ತಂತಿ ಪಕ್ಕದ್ದಕ್ಕೆ ತಗುಲಿಯೋ ಭೂಮಿಗೆ ಸೇರಿಯೋ ಒಂದೇ ಸ್ಥಿತಿಯಲ್ಲಿ ಸಿಕ್ಕಿಬಿದ್ದರೆ, ತಪ್ಪು ಪ್ರತಿ ಸಲವೂ ಅದೇ ತಪ್ಪು. ಮೇಲಿನ ವಿಳಾಸ ತಂತಿ ಹೀಗಾದರೆ ಚಿಪ್ಪು ಮೊದಲರ್ಧವನ್ನೇ ಮತ್ತೊಮ್ಮೆ ಕೊಡುತ್ತದೆ, ಗೋಳಗುಮ್ಮಟದಲ್ಲಿ ಕೂಗಿದ ಮಾತು ತಿರುಗಿ ಬಂದ ಹಾಗೆ. ಪತ್ತೆ ಮಾಡುವುದು ಸುಲಭ. ಹೆಕ್ಸ್ ಎಡಿಟರಿನಲ್ಲಿ (ಕಡತದ ಬೈಟುಗಳನ್ನು ಹದಿನಾರರ ಲೆಕ್ಕದ ಅಂಕಿಗಳಲ್ಲಿ ತೋರಿಸುವ ಪ್ರೋಗ್ರಾಮ್) ಕಡತ ತೆರೆದು, ಅದೇ ಹೆಕ್ಸ್ ಲೆಕ್ಕದ 148ನೇ ವಿಳಾಸದ ಬೈಟ್ ನೋಡಿ. ಅದು ಚಿಪ್ಪಿನ ಗಾತ್ರ. ಸೊನ್ನೆ ಎಂದರೆ 32 ಕೆಬಿ, ಒಂದೊಂದು ಅಂಕಿ ಏರಿದಂತೆ ಗಾತ್ರ ಇಮ್ಮಡಿ. 5 ಇದ್ದರೆ 10,48,576 ಬೈಟ್. ಆ ಕಡತವನ್ನು ತಲಾ 5,24,288 ಬೈಟಿನ ಎರಡು ತುಂಡು ಮಾಡಿ ಎರಡರ ಹ್ಯಾಶ್ ತೆಗೆಯಿರಿ. ಎರಡೂ ಒಂದೇ ಬಂದರೆ ಪ್ರತಿಧ್ವನಿ ಸಿಕ್ಕಿತು.

ಕ್ಯಾಸೆಟ್ ಓದಿಸುವ ಫ್ಲ್ಯಾಶ್‌ಜಿಬಿಎಕ್ಸ್ ಪ್ರೋಗ್ರಾಮ್ ಬಳಸುತ್ತಿದ್ದರೆ ಅದು ತಾಳೆ ನೋಡುವ ಎರಡು ಮೊತ್ತಗಳನ್ನು (ಚೆಕ್‌ಸಮ್) ತೋರಿಸುತ್ತದೆ. ಶೀರ್ಷಿಕೆಯ ಮೊತ್ತ ಸರಿ ಬಂದಿತೆಂದು ಖುಷಿಪಡಬೇಡಿ. ಅದು ಕಾಯುವುದು ಬೆರಳೆಣಿಕೆಯ ಬೈಟುಗಳನ್ನು ಮಾತ್ರ. ಇಡೀ ಚಿಪ್ಪಿನ ಒಟ್ಟು ಮೊತ್ತ ಹೊಂದಬೇಕು. ಗೇಮ್‌ಬಾಯ್ ಯಂತ್ರ ಆ ಎರಡನೆಯದನ್ನು ನೋಡುವುದೇ ಇಲ್ಲ, ಆದ್ದರಿಂದ ಕೆಟ್ಟ ಡಂಪೂ ಮೊದಲ ಪರದೆಯವರೆಗೆ ಆರಾಮಾಗಿ ಓಡುತ್ತದೆ. ಪ್ರತಿ ಓದಿನ ನಡುವೆ ಕ್ಯಾಸೆಟ್ ಹೊರತೆಗೆದು ಮತ್ತೆ ಕೂರಿಸಿ, ಒಂದೇ ಕೂರಿಕೆಯಲ್ಲಿ ಹತ್ತು ಸಲ ಓದಿಸಿದರೂ ಅದು ಒಂದೇ ಸಾಕ್ಷಿ. ವೋಲ್ಟೇಜ್ ಬದಲಿಸುವ ಸ್ವಿಚ್ ಇರುವ ಹಳೆಯ ರೀಡರ್ ಆದರೆ ಎಚ್ಚರ: ಹಳೆಯ ಗೇಮ್‌ಬಾಯ್‌ಗೆ 5 ವೋಲ್ಟ್, ಅಡ್ವಾನ್ಸ್‌ಗೆ 3.3.

ಪ್ರಶ್ನೆ: ಟಿವಿಗೆ ಹಚ್ಚಿ ಆಡುತ್ತಿದ್ದ ‘9999 ಇನ್ 1’ ಕ್ಯಾಸೆಟ್ ಡಂಪ್ ಮಾಡಬಹುದೇ?
ಓದುಗರು, ಬನಹಟ್ಟಿ

ಉತ್ತರ: ಮಾಡಬಹುದು, ಆದರೆ ತಾಳ್ಮೆ ಬೇಕು. ಇವು ಜಪಾನಿನ ಫ್ಯಾಮಿಕಾಮ್ ಯಂತ್ರದ 60 ಕಾಲಿನ ಜೋಡಣೆಯವು, ನಿಂಟೆಂಡೊ ಎನ್‌ಇಎಸ್‌ನ 72 ಕಾಲಿನ ರೀಡರಿಗೆ ಅಡಾಪ್ಟರ್ ಬೇಕು. ಒಳಗೆ ಚಿಪ್ಪಿನ ಬದಲು ಕಪ್ಪು ಎಪಾಕ್ಸಿ ಗುಳ್ಳೆ ಇರುತ್ತದೆ, ಚಿಪ್ಪಿನ ಹೆಸರು ಓದಿ ತಿಳಿಯುವಂತಿಲ್ಲ. ಆಟದಿಂದ ಆಟಕ್ಕೆ ಹಾರಲು ಇವು ಚಿತ್ರವಿಚಿತ್ರ ಮ್ಯಾಪರ್ (ಚಿಪ್ಪಿನ ಯಾವ ತುಂಡು ಯಂತ್ರಕ್ಕೆ ಕಾಣಬೇಕೆಂದು ಬದಲಿಸುವ ಸರ್ಕ್ಯೂಟ್) ಬಳಸುತ್ತವೆ. ಮ್ಯಾಪರ್ ತಪ್ಪು ಆಯ್ದರೆ ರೀಡರ್ ಮೊದಲ ತುಂಡನ್ನಷ್ಟೇ ಓದಿ ‘ಮುಗಿಯಿತು’ ಎನ್ನುತ್ತದೆ. 9999 ಆಟವಂತೂ ಇರುವುದಿಲ್ಲ. ಕೆಲವೇ ಆಟಗಳನ್ನು ಬೇರೆ ಬೇರೆ ಹಂತದಿಂದ ಶುರು ಮಾಡಿಸಿ ಪಟ್ಟಿ ಉದ್ದ ಮಾಡಿರುತ್ತಾರೆ. ಹಾಗೆಂದು ಕಡೆಗಣಿಸಬೇಡಿ. ನಮ್ಮ ಊರುಗಳ ಮಕ್ಕಳು ಬೇಸಿಗೆ ರಜೆಯಲ್ಲಿ ಆಡಿದ್ದು ಇವನ್ನೇ, ಕಂಪನಿಯ ಅಸಲಿ ಪೆಟ್ಟಿಗೆಯನ್ನಲ್ಲ.

ಒಂದೇ ಆಟದ ಸಾದಾ ಕ್ಯಾಸೆಟ್ ಆದರೆ ಲೆಕ್ಕ ಸರಳ: 32 ಕೆಬಿ ಪ್ರೋಗ್ರಾಮ್, 8 ಕೆಬಿ ಚಿತ್ರ, ಒಟ್ಟು 40,960 ಬೈಟ್. ಕಡತ 40,976 ಇದ್ದರೆ ಹೆಚ್ಚಿನ 16 ಬೈಟ್ ಎಮ್ಯುಲೇಟರಿಗಾಗಿ (ಹಳೆಯ ಯಂತ್ರವನ್ನು ಕಂಪ್ಯೂಟರಿನಲ್ಲಿ ಅನುಕರಿಸುವ ಪ್ರೋಗ್ರಾಮ್) ಸೇರಿಸಿದ ಐಎನ್‌ಇಎಸ್ ಶೀರ್ಷಿಕೆ, ಚಿಪ್ಪಿನಲ್ಲಿ ಇದ್ದದ್ದಲ್ಲ. ಅದನ್ನು ಬಿಟ್ಟು ಹ್ಯಾಶ್ ತೆಗೆದು ಹೋಲಿಸಿ.

ಪ್ರಶ್ನೆ: ಪರಿಚಯದವರಿಂದ ಬಂದ ಹಾರ್ಡ್‌ಡಿಸ್ಕಿನಲ್ಲಿ ಸಾವಿರಾರು ಹಳೆಯ ಆಟಗಳಿವೆ. ಅರ್ಧಕ್ಕರ್ಧ ಪಟ್ಟಿಗೆ ಹೊಂದುವುದಿಲ್ಲ, ಆದರೆ ಓಡುತ್ತವೆ. ಇವೆಲ್ಲ ಕೆಟ್ಟವೇ? ಇಟ್ಟುಕೊಳ್ಳುವುದು ತಪ್ಪೇ?
ಓದುಗರು, ಜಮಖಂಡಿ

ಉತ್ತರ: ಓಡುವುದು ಪುರಾವೆಯಲ್ಲ. ಕೊನೆಯ ಹಂತದ ಚಿತ್ರ ಇರುವ ಜಾಗದಲ್ಲಿ ಒಂದು ಬಿಟ್ ಕೆಟ್ಟಿದ್ದರೆ ನೀವು ಅಲ್ಲಿಗೆ ತಲುಪುವವರೆಗೆ ಗೊತ್ತೇ ಆಗುವುದಿಲ್ಲ. ಆದರೆ ಹೊಂದದವೆಲ್ಲ ಕೆಟ್ಟವೂ ಅಲ್ಲ. ಸೂಪರ್ ನಿಂಟೆಂಡೊ ಕಡತದ ಗಾತ್ರ 10,49,088 ಹೀಗೆ ಇದ್ದರೆ 10,48,576ರ ತಲೆಗೆ ಕ್ಯಾಸೆಟ್ ನಕಲು ಮಾಡುವ ಹಳೆಯ ಯಂತ್ರ ಅಂಟಿಸಿದ 512 ಬೈಟ್ ಇದೆ, ಕತ್ತರಿಸಿದರೆ ಹೊಂದುತ್ತದೆ. ನಿಂಟೆಂಡೊ 64 ಕಡತದ ಮೊದಲ ನಾಲ್ಕು ಬೈಟ್ ಹೆಕ್ಸ್‌ನಲ್ಲಿ 80 37 12 40 ಇದ್ದರೆ ಅಸಲಿ ಕ್ರಮ. 37 80 40 12 ಇದ್ದರೆ ಜೋಡಿ ಬೈಟುಗಳು ಅದಲುಬದಲು, 40 12 37 80 ಇದ್ದರೆ ನಾಲ್ಕೂ ತಿರುಗುಮುರುಗು. ಮಾಹಿತಿ ಅದೇ, ಕ್ರಮ ಬೇರೆ. ರೋಮ್‌ವಾಲ್ಟ್ ಅಥವಾ ಕ್ಲ್ರ್‌ಮೇಮ್‌ಪ್ರೊ ಎಂಬ ಪ್ರೋಗ್ರಾಮಿಗೆ ನೋ-ಇಂಟ್ರೊ ಪಟ್ಟಿಯ ಡ್ಯಾಟ್ ಕಡತ ಕೊಟ್ಟರೆ ರಾತ್ರಿ ಬೆಳಗಾಗುವುದರಲ್ಲಿ ವಿಂಗಡಿಸಿಕೊಡುತ್ತವೆ. ಒಂದೆರಡು ಕಡತ ನೋಡುವುದಾದರೆ 7-ಜಿಪ್ ಹಾಕಿ, ಕಡತದ ಮೇಲೆ ಬಲ ಕ್ಲಿಕ್ ಮಾಡಿ ಎಸ್‌ಎಚ್‌ಎ-1 (ಒಂದು ಬಗೆಯ ಹ್ಯಾಶ್) ಆಯ್ದುಕೊಳ್ಳಿ. ಜಿಪ್‌ನೊಳಗಿನ ಕಡತದ ಹ್ಯಾಶ್ ಬೇಕು, ಜಿಪ್‌ನದ್ದಲ್ಲ; ಬಹಳ ಜನ ಇಲ್ಲೇ ಎಡವುತ್ತಾರೆ.

ಕಾನೂನಿನ ಮಾತು: 1957ರ ಕೃತಿಸ್ವಾಮ್ಯ ಕಾಯ್ದೆಯ 52ನೇ ಕಲಮು, ಕಂಪ್ಯೂಟರ್ ಪ್ರೋಗ್ರಾಮಿನ ಪ್ರತಿಯನ್ನು ಕಾನೂನುಬದ್ಧವಾಗಿ ಹೊಂದಿದವರು ನಷ್ಟ, ನಾಶ, ಹಾನಿಯಿಂದ ತಾತ್ಕಾಲಿಕ ರಕ್ಷಣೆಗೆ ಬ್ಯಾಕಪ್ ಮಾಡಿಕೊಳ್ಳಲು ಬಿಡುತ್ತದೆ. ಹಕ್ಕುಗಳನ್ನು ಉಲ್ಲಂಘಿಸುವ ಉದ್ದೇಶದಿಂದ ಬೀಗ ಮುರಿಯುವುದನ್ನು 2012ರ ತಿದ್ದುಪಡಿಯ 65ಎ ಕಲಮು ಅಪರಾಧ ಮಾಡಿದೆ. ನಿಮ್ಮದೇ ಕ್ಯಾಸೆಟ್ಟಿನ ಬ್ಯಾಕಪ್ಪಿಗೆ ಇರುವ ಈ ವಿನಾಯಿತಿ, ಯಾರೋ ತುಂಬಿಕೊಟ್ಟ ಹಾರ್ಡ್‌ಡಿಸ್ಕಿಗೆ ಅನ್ವಯಿಸುವುದಿಲ್ಲ.

ಪ್ರಶ್ನೆ: ಪಿಎಸ್-2 ಡಿವಿಡಿಯ ಐಎಸ್‌ಒ ಪೆನ್‌ಡ್ರೈವಿಗೆ ಹಾಕಲು ಹೋದರೆ ‘ಕಡತ ದೊಡ್ಡದಾಯಿತು’ ಎನ್ನುತ್ತದೆ, 64 ಜಿಬಿ ಖಾಲಿ ಇದ್ದರೂ. ಸಿಎಚ್‌ಡಿ ಮಾಡಿ ಕುಗ್ಗಿಸಿದರೆ ಅಸಲಿತನ ಹೋಗುವುದಿಲ್ಲವೇ?
ಓದುಗರು, ವಿಜಯಪುರ

ಉತ್ತರ: ಪೆನ್‌ಡ್ರೈವ್ ಫ್ಯಾಟ್32 ಎಂಬ ಹಳೆಯ ಫಾರ್ಮ್ಯಾಟಿನಲ್ಲಿದೆ. ಅದರಲ್ಲಿ ಒಂದು ಕಡತ 4,29,49,67,295 ಬೈಟ್ ಮೀರುವಂತಿಲ್ಲ. ಒಳಗಿರುವುದನ್ನು ಬೇರೆಡೆ ಇಟ್ಟು ಎಕ್ಸ್‌ಫ್ಯಾಟ್‌ಗೆ ಫಾರ್ಮ್ಯಾಟ್ ಮಾಡಿ. ಯಂತ್ರದಲ್ಲಿ ಆಡಲೆಂದು 1 ಜಿಬಿ ತುಂಡುಗಳಾಗಿ ಒಡೆದ ಪ್ರತಿಯನ್ನು ಎಂದೂ ಏಕೈಕ ಪ್ರತಿಯಾಗಿ ಇಡಬೇಡಿ. ಅಗ್ಗದ ಪೆನ್‌ಡ್ರೈವ್ ಆಗಿದ್ದರೆ ಮೊದಲು ನಿಜವಾದ ಜಾಗ ಅಳೆಯುವ ಎಚ್‌2ಟೆಸ್ಟ್‌ಡಬ್ಲ್ಯೂ ಪ್ರೋಗ್ರಾಮ್ ಓಡಿಸಿ, 64 ಎಂದು ಬರೆದ ಮಾತ್ರಕ್ಕೆ 64 ಇರುವುದಿಲ್ಲ.

ಸಿಎಚ್‌ಡಿ ಎಂಬುದು ಕುಗ್ಗಿಸಿದ ಕಡತ ರೂಪ, ಅದರಲ್ಲಿ ಏನೂ ಕಳೆಯುವುದಿಲ್ಲ. ಡಿವಿಡಿಗೆ ಸಿಎಚ್‌ಡಿಮ್ಯಾನ್ ಪ್ರೋಗ್ರಾಮಿನ ‘ಕ್ರಿಯೇಟ್‌ಡಿವಿಡಿ’ ಆಜ್ಞೆ, ನೀಲಿ ತಳದ ಸಿಡಿಗಳಿಗೆ ‘ಕ್ರಿಯೇಟ್‌ಸಿಡಿ’. ಆದರೆ ಸಿಎಚ್‌ಡಿ ಕಡತದ ಹ್ಯಾಶ್ ರೀಡಂಪ್ ಪಟ್ಟಿಗೆ ಹೊಂದುವುದಿಲ್ಲ, ಹೊಂದಬೇಕಾಗಿಯೂ ಇಲ್ಲ. ಮೊದಲು ಐಎಸ್‌ಒ ಹ್ಯಾಶ್ ಪಟ್ಟಿಗೆ ತಾಳೆ ನೋಡಿ, ಆಮೇಲೆ ಕುಗ್ಗಿಸಿ, ಆಮೇಲೆ ಮತ್ತೆ ಹಿಗ್ಗಿಸಿ ಅದೇ ಹ್ಯಾಶ್ ಬರುತ್ತದೆಯೇ ನೋಡಿ, ಕೊನೆಗೆ ಐಎಸ್‌ಒ ಅಳಿಸಿ. ಈ ಕ್ರಮ ತಪ್ಪಿಸಬೇಡಿ. ಹಾಡಿನ ಟ್ರ್ಯಾಕ್ ಇರುವ ಸಿಡಿಗಳು ಹಿಗ್ಗಿಸುವಾಗ ಒಂದೇ ಬಿನ್ ಆಗಿ ಬರುತ್ತವೆ. ಹೊಸ ಆವೃತ್ತಿಗಳಲ್ಲಿ ಟ್ರ್ಯಾಕ್ ಬೇರೆ ಮಾಡುವ ಆಯ್ಕೆ ಇದೆ, ಅದನ್ನು ಬಳಸಿ.

ಪ್ರಶ್ನೆ: ಭಾರತದಲ್ಲಷ್ಟೇ ಮಾರಾಟವಾದ ಪಿಎಸ್-2 ಡಿಸ್ಕುಗಳಿವೆ. ಪಟ್ಟಿಯಲ್ಲಿ ಸಿಗದಿದ್ದರೆ ಸರಿ ಇದೆಯೆಂದು ಹೇಗೆ ಹೇಳುವುದು?
ಓದುಗರು, ಟಿಳಕವಾಡಿ, ಬೆಳಗಾವಿ

ಉತ್ತರ: ಈ ಸಲದ ಪತ್ರಗಳಲ್ಲಿ ನಮಗೆ ಹೆಚ್ಚು ಹಿಡಿಸಿದ್ದು ಇದು. 2009ರಲ್ಲಿ ಬಂದ ‘ಹನುಮಾನ್: ಬಾಯ್ ವಾರಿಯರ್’, ಕಬಡ್ಡಿ, ಚಿನ್ನಿದಾಂಡು ಇದ್ದ ‘ದೇಸಿ ಅಡ್ಡಾ’ದಂಥವನ್ನು ಅಮೆರಿಕ, ಜಪಾನಿನ ಸಂಗ್ರಹಕಾರರು ಬಂದು ಉಳಿಸುತ್ತಾರೆಂದು ಕಾಯುತ್ತ ಕೂರುವುದು ಬೇಡ. ಡಿಸ್ಕ್ ಇರುವುದು ನಮ್ಮ ಕಪಾಟಿನಲ್ಲಿ.

ಪಟ್ಟಿ ಇಲ್ಲದಾಗ ಸಾಕ್ಷಿಯನ್ನು ನಾವೇ ಹುಟ್ಟಿಸಬೇಕು. ಒಂದೇ ಡಿಸ್ಕನ್ನು ಎರಡು ಬೇರೆ ಮಾದರಿಯ ಡ್ರೈವಿನಲ್ಲಿ ಓದಿಸಿ. ಅದಕ್ಕಿಂತ ಒಳ್ಳೆಯದು, ಅದೇ ಆಟದ ಇನ್ನೊಂದು ಡಿಸ್ಕ್ ಗೋಕಾಕದಲ್ಲೋ ಇಂಡಿಯಲ್ಲೋ ಯಾರ ಬಳಿಯಾದರೂ ಇದ್ದರೆ ಅವರದನ್ನೂ ಓದಿಸಿ ಹೋಲಿಸಿ. ಎರಡು ಬೇರೆ ಡಿಸ್ಕಿನಿಂದ ಒಂದೇ ಎಸ್‌ಎಚ್‌ಎ-1 ಬಂದರೆ ಅದಕ್ಕಿಂತ ದೊಡ್ಡ ಸಾಕ್ಷಿ ಬೇಕಿಲ್ಲ. ಜೊತೆಗೆ ಬರೆದಿಡಬೇಕಾದವು: ತಳದ ಒಳವೃತ್ತದಲ್ಲಿ ಕೊರೆದ ಮಾಸ್ಟರಿಂಗ್ ಸಂಕೇತ ಮತ್ತು ಐಎಫ್‌ಪಿಐ ಅಕ್ಷರಗಳು (ಟಾರ್ಚ್ ಓರೆಯಾಗಿ ಹಿಡಿದರೆ ಕಾಣುತ್ತವೆ), ಪೆಟ್ಟಿಗೆಯ ಬಾರ್‌ಕೋಡ್, ಡಿಸ್ಕಿನ ಒಳಗಿನ ಸಿಸ್ಟಮ್.ಸಿಎನ್‌ಎಫ್ ಕಡತದಲ್ಲಿರುವ ಸರಣಿ ಸಂಖ್ಯೆ. ಪೆಟ್ಟಿಗೆಯ ಕಾಗದ, ಕೈಪಿಡಿ ಎರಡನ್ನೂ 600 ಡಿಪಿಐ ಸ್ಕ್ಯಾನ್ ಮಾಡಿ. ಬೆಲೆಯ ಚೀಟಿ ಇದ್ದರೆ ಕೀಳಬೇಡಿ, ಅದೂ ದಾಖಲೆಯೇ.

ಪ್ರಶ್ನೆ: ಪೋಕೆಮಾನ್ ಕ್ಯಾಸೆಟ್ ‘ಒಳಗಿನ ಬ್ಯಾಟರಿ ಖಾಲಿ’ ಅಂತೈತಿ. ಬ್ಯಾಟರಿ ತಗದ್ರ ಮಗನ ಆಟ ಅಳಿಸಿ ಹೋಗತೈತೇನ್ರಿ?
ಓದುಗರು, ಸಿಂದಗಿ

ಉತ್ತರ: ಹೋಗುವುದಿಲ್ರೀ. ಆ ಸಂದೇಶ ಗೇಮ್‌ಬಾಯ್ ಅಡ್ವಾನ್ಸ್‌ನ ರೂಬಿ, ಸಫೈರ್, ಎಮರಾಲ್ಡ್‌ನದ್ದು. ಅವುಗಳಲ್ಲಿ ಸೇವ್ ಇರುವುದು ಫ್ಲ್ಯಾಶ್ ಚಿಪ್ಪಿನಲ್ಲಿ. ಸಿಆರ್1616 ಬ್ಯಾಟರಿ ಗಡಿಯಾರಕ್ಕೆ ಮಾತ್ರ. ಗೋಲ್ಡ್, ಸಿಲ್ವರ್ ಆಗಿದ್ದರೆ ಕಥೆ ಬೇರೆ: ಅಲ್ಲಿ ಸಿಆರ್2025 ತೆಗೆದ ಕ್ಷಣ ಸೇವ್ ಹೋಯಿತು. ಎರಡರಲ್ಲೂ ಮೊದಲು ರೀಡರಿನಿಂದ ಸೇವ್ ಇಳಿಸಿ, ಅಡ್ವಾನ್ಸ್‌ನದ್ದು 1,31,072 ಬೈಟ್, ಗೋಲ್ಡ್‌ನದ್ದು 32,768 ಬೈಟ್ ಇರಬೇಕು (ಗಡಿಯಾರದ ಮಾಹಿತಿ ಸೇರಿದರೆ ಕೆಲವು ಬೈಟ್ ಹೆಚ್ಚು). ಆಮೇಲೆ ಲೋಹದ ಪಟ್ಟಿ ಬೆಸೆದ ಬ್ಯಾಟರಿಯನ್ನೇ ಕೊಂಡು ಬೆಸುಗೆ ಹಾಕಿಸಿ. ಬರಿಯ ಬ್ಯಾಟರಿಗೆ ಸೋಲ್ಡರ್ ಕಾಯಿಸಿ ಅಂಟಿಸಿದರೆ ಒಡೆಯಬಹುದು, ಟೇಪ್ ಸುತ್ತಿದರೆ ವರ್ಷದೊಳಗೆ ಸಡಿಲ.

ಪ್ರಶ್ನೆ: ಮಳೆಗಾಲದಲ್ಲಿ ಡಿಸ್ಕುಗಳ ಮೇಲೆ ಬಿಳಿ ಬೂಷ್ಟು. ಟೂತ್‌ಪೇಸ್ಟ್ ಹಚ್ಚಬಹುದೇ?
ಓದುಗರು, ಖಾನಾಪುರ

ಉತ್ತರ: ಟೂತ್‌ಪೇಸ್ಟ್ ಬೇಡ, ಅದು ಮರಳು ಕಾಗದದ ತಮ್ಮ. ಡಿಸ್ಟಿಲ್ಡ್ ನೀರಿಗೆ ಒಂದು ಹನಿ ಪಾತ್ರೆ ತೊಳೆಯುವ ದ್ರವ ಹಾಕಿ, ಮೆತ್ತನೆಯ ಬಟ್ಟೆಯಿಂದ ನಡುವಿನಿಂದ ಅಂಚಿಗೆ ನೇರ ಒರೆಸಿ. ಸುತ್ತ ತಿರುಗಿಸಿ ಒರೆಸಿದರೆ ಗೀರು ಟ್ರ್ಯಾಕಿನುದ್ದಕ್ಕೂ ಬೀಳುತ್ತದೆ, ದೋಷ ತಿದ್ದುವ ಸಂಕೇತಕ್ಕೂ ಅದು ನಿಲುಕದು. ಸಿಡಿಯ ಚಿತ್ರದ ಬದಿಯನ್ನು ಹೆಚ್ಚು ಜೋಪಾನ ಮಾಡಿ, ಅಲ್ಯೂಮಿನಿಯಂ ಪದರ ಅಲ್ಲಿ ಲೇಪದ ಕೆಳಗೇ ಇದೆ. ಡಿವಿಡಿಯಲ್ಲಿ ಅದು ತಲಾ 0.6 ಮಿಮೀ ಎರಡು ತಟ್ಟೆಗಳ ನಡುವೆ ಸುರಕ್ಷಿತ. ಪಿವಿಸಿ ಚೀಲದಲ್ಲಿ ಇಟ್ಟರೆ ಡಿಸ್ಕಿಗೆ ಅಂಟಿಕೊಳ್ಳುತ್ತದೆ. ಗಟ್ಟಿ ಪೆಟ್ಟಿಗೆ, ಬಿಗಿ ಮುಚ್ಚಳದ ಡಬ್ಬಿ, ಒಳಗೆ ಸಿಲಿಕಾ ಜೆಲ್.

ತೊಳೆದ ಡಿಸ್ಕನ್ನು ಅಂದೇ ಡಂಪ್ ಮಾಡಿ. ಡಂಪ್ ಮಾಡಿದ್ದನ್ನು ಎರಡು ಹಾರ್ಡ್‌ಡಿಸ್ಕಿನಲ್ಲಿಟ್ಟು ಒಂದನ್ನು ಬೇರೆ ಮನೆಯಲ್ಲಿರಿಸಿ. ಮಲ್ಟಿಪಾರ್ ಎಂಬ ಪ್ರೋಗ್ರಾಮಿನಿಂದ 10 ಶೇಕಡಾ ಪಾರ್2 ಕಡತ ಮಾಡಿ ಜೊತೆಗಿಟ್ಟರೆ ಅಷ್ಟರ ಮಟ್ಟಿನ ಹಾನಿಯನ್ನು ಅದೇ ತುಂಬಿಕೊಡುತ್ತದೆ. ವರ್ಷಕ್ಕೊಮ್ಮೆ, ಮಳೆಗಾಲ ಮುಗಿದ ಮೇಲೆ, ಎಲ್ಲ ಹ್ಯಾಶ್ ಮತ್ತೊಮ್ಮೆ ತಾಳೆ ನೋಡಿ. ಕರೆಂಟ್ ಹೋಗುವ ಹೊತ್ತಿನಲ್ಲಿ ದೊಡ್ಡ ಕಡತ ನಕಲು ಮಾಡುತ್ತಿದ್ದರೆ ಆ ಕಡತದ ಹ್ಯಾಶನ್ನು ಅಂದೇ ನೋಡಬೇಕು. ಹೆಸರು, ಗಾತ್ರ ಸರಿಯಿದ್ದೂ ಬಾಲದಲ್ಲಿ ಬರೀ ಸೊನ್ನೆ ತುಂಬಿರುವುದುಂಟು.